ದಾಯವಿಭಾಗ ಮತ್ತು ಪಿತೃಋಣ

(ಮಹಾಲಯಪಕ್ಷದ ನಿಮಿತ್ತ ನಡೆದ ಉಪನ್ಯಾಸದ ಸಂಗ್ರಹ)



ಅನಂತಪದ್ಮನಾಭನ ಚತುರ್ದಶಿ ಕಳೆಯಿತು, ಮಹಾಲಯಪಕ್ಷ ಪ್ರಾರಂಭವಾಯಿತು. ಇನ್ನು ಅಮಾವಾಸ್ಯೆಯವರೆಗೆ ನಮ್ಮ ಮನೆಗಳಲ್ಲಿ ಎಳ್ಳು, ದರ್ಭೆ, ಪಿಂಡಗಳದೇ ಮಾತು. ಯಾರ ಮನೆಯಲ್ಲಿ ಯಾವ ತಿಥಿಗೆ ಪಕ್ಷ, ಬ್ರಾಹ್ಮಣರು ಒಪ್ಪಿದ್ದಾರೆಯೇ, ಮಡಿಯ ಅಡಿಗೆಗೆ ಯಾರು ಬರುತ್ತಾರೆ ಎಂದು ವಿಚಾರಿಸುವುದರಲ್ಲೇ ದಿನಗಳು ಹೋಗುತ್ತವೆ. ಪ್ರತಿವರ್ಷವೂ ಈ ಕಾಲದಲ್ಲಿ ಶ್ರಾದ್ಧಮಹಿಮೆಯನ್ನು ಕುರಿತು ನಾಲ್ಕು ಮಾತು ಹೇಳುವುದು ಇಲ್ಲಿಯ ವಾಡಿಕೆ. ಈ ಸಲ ಅದರ ಪಕ್ಕದಲ್ಲೇ ಇರುವ, ಆದರೆ ವೇದಿಕೆಯ ಮೇಲೆ ಯಾರೂ ಎತ್ತದಿರುವ ಒಂದು ವಿಷಯವನ್ನು ಹೇಳಬೇಕೆಂದು ಮನಸ್ಸಾಗಿದೆ. ತಂದೆತಾಯಿಗಳು ಮರಣಶಾಸನವನ್ನು ಬರೆದಿಡದೆ ಗತಿಸಿದ ಮೇಲೆ ಮಕ್ಕಳು ಅವರ ಆಸ್ತಿಯನ್ನು ಹೇಗೆ ಹಂಚಿಕೊಳ್ಳಬೇಕು ಎಂಬುದೇ ಆ ವಿಷಯ.

ಇದನ್ನು ಈಗ ಎತ್ತಲು ಕಾರಣವುಂಟು. ಒಂದೇ ಬೀದಿಯಲ್ಲಿ, ಒಂದೇ ತಿಥಿಯಂದು, ಒಬ್ಬನೇ ತಂದೆಗೆ ಇಬ್ಬರು ಮಕ್ಕಳು ಎರಡು ಮನೆಗಳಲ್ಲಿ ಪಿಂಡಪ್ರದಾನ ಮಾಡುವುದನ್ನು ನಾವೆಲ್ಲ ನೋಡಿದ್ದೇವೆ. ವಿಭಕ್ತರಾದವರು ಪ್ರತ್ಯೇಕವಾಗಿ ಮಾಡುವುದು ಶಾಸ್ತ್ರಸಮ್ಮತವೇ ಆಗಿದೆ, ಅದರಲ್ಲಿ ದೋಷವಿಲ್ಲ. ಆದರೆ ಆ ಇಬ್ಬರು ಎದುರಾದರೆ ಮಾತಿಲ್ಲ. ಒಬ್ಬನು ವಾದಿ, ಇನ್ನೊಬ್ಬನು ಪ್ರತಿವಾದಿ. ಬೆಳಿಗ್ಗೆ ತರ್ಪಣ, ಮಧ್ಯಾಹ್ನ ವಕೀಲರ ಮನೆ. ತಂದೆ, ತಾತ, ಮುತ್ತಾತಂದಿರನ್ನು ವಸು ರುದ್ರ ಆದಿತ್ಯರಲ್ಲಿಯೂ, ಅವರ ಅಂತರ್ಗತವಾದ ಪ್ರದ್ಯುಮ್ನ ಸಂಕರ್ಷಣ ವಾಸುದೇವ ರೂಪಗಳಲ್ಲಿಯೂ ಚಿಂತಿಸಿ ನಾವು ಪಿಂಡವನ್ನಿಡುತ್ತೇವೆ. ಆ ಎರಡು ಮನೆಗಳಲ್ಲಿಯೂ ಪಿಂಡವನ್ನು ಸ್ವೀಕರಿಸುವ ಪ್ರದ್ಯುಮ್ನನು ಒಬ್ಬನೇ. ಅವನ ಮುಂದೆ ಯಾವ ಮುಖವನ್ನಿಟ್ಟುಕೊಂಡು ಕುಳಿತುಕೊಳ್ಳುತ್ತೇವೆ ಎಂಬುದನ್ನು ಯೋಚಿಸುವುದಿಲ್ಲ.

ಇನ್ನೊಂದು ಸಂಗತಿ. ಮಹಾಲಯದಲ್ಲಿ ಸರ್ವಪಿತೃಗಳನ್ನು ಸ್ಮರಿಸುವಾಗ ಗತಿಸಿದ ಸೋದರಿಯ ಹೆಸರೂ ಬರುತ್ತದೆ. ಆಕೆಗೂ, ಗತಿಸಿದ ಆಕೆಯ ಗಂಡ ಮಕ್ಕಳಿದ್ದರೆ ಅವರಿಗೂ ಸೇರಿಸಿ ಎಳ್ಳುನೀರು ಬಿಡುತ್ತೇವೆ. ಸತ್ತ ಸೋದರಿಗೆ ನೀರು ಬಿಡುವ ಅದೇ ಕೈ, ಬದುಕಿರುವ ಸೋದರಿಯ ಮುಂದೆ ಹಕ್ಕು ಬಿಡುಗಡೆ ಪತ್ರವನ್ನು ಹಿಡಿದು ಸಹಿ ಹಾಕೆಂದು ಒತ್ತಾಯಿಸುವುದನ್ನು ನಾನು ಕಂಡಿದ್ದೇನೆ. ಅದೂ ಯಾವಾಗ? ಹದಿಮೂರನೆಯ ದಿನ, ವೈಕುಂಠ ಸಮಾರಾಧನೆಗೆ ಎಲ್ಲರೂ ಸೇರಿದ್ದಾರಲ್ಲ, ಮತ್ತೆ ಯಾವಾಗ ಸಿಕ್ಕಾರು ಎಂಬ ನೆಪದಿಂದ. ಹೆತ್ತವರನ್ನು ಕಳೆದುಕೊಂಡ ಹೆಣ್ಣುಮಗಳಿಗೆ ಆ ದಿವಸ ಕಾಗದದಲ್ಲಿ ಏನಿದೆಯೆಂದು ಓದುವ ಮನಸ್ಸಿರುತ್ತದೆಯೇ? ಈ ಮಾತು ಸ್ವಲ್ಪ ಕಟುವಾಯಿತೆಂದು ತೋರಬಹುದು. ಆದರೂ ಹೇಳದೆ ವಿಧಿಯಿಲ್ಲ.

ಮೊದಲು ಶಬ್ದಾರ್ಥವನ್ನು ನೋಡೋಣ. ಆಸ್ತಿ ಹಂಚಿಕೆಗೆ ಧರ್ಮಶಾಸ್ತ್ರದಲ್ಲಿ ದಾಯವಿಭಾಗವೆಂದು ಹೆಸರು. ಮನುಸ್ಮೃತಿಯ ಒಂಬತ್ತನೆಯ ಅಧ್ಯಾಯದಲ್ಲಿ, ಯಾಜ್ಞವಲ್ಕ್ಯಸ್ಮೃತಿಯ ವ್ಯವಹಾರಾಧ್ಯಾಯದಲ್ಲಿ ಇದರ ವಿಸ್ತಾರವಿದೆ. ಯಾಜ್ಞವಲ್ಕ್ಯಸ್ಮೃತಿಗೆ ಮಿತಾಕ್ಷರಾ ಎಂಬ ವ್ಯಾಖ್ಯಾನವನ್ನು ರಚಿಸಿದ ವಿಜ್ಞಾನೇಶ್ವರನು ನಮ್ಮ ಕನ್ನಡನಾಡಿನವನು. ಕಲ್ಯಾಣದಲ್ಲಿ ಚಾಲುಕ್ಯ ಆರನೆಯ ವಿಕ್ರಮಾದಿತ್ಯನ ಆಶ್ರಯದಲ್ಲಿದ್ದವನು. ಬಂಗಾಳದವರು ಜೀಮೂತವಾಹನನ ದಾಯಭಾಗವನ್ನು ಅನುಸರಿಸಿದರೆ, ಉಳಿದ ಭಾರತದ ಬಹುಭಾಗ ಶತಮಾನಗಳ ಕಾಲ ನಡೆದುಕೊಂಡದ್ದು ಕಲ್ಯಾಣದಲ್ಲಿ ಬರೆದ ಈ ಗ್ರಂಥದ ಪ್ರಕಾರ. ಪಿತ್ರಾರ್ಜಿತದಲ್ಲಿ ಮಗನಿಗೆ ಹುಟ್ಟಿನಿಂದಲೇ ಹಕ್ಕುಂಟೆಂಬುದು ಮಿತಾಕ್ಷರದ ಸಿದ್ಧಾಂತ. ಒಡೆಯನೊಡನೆ ಇರುವ ಸಂಬಂಧಮಾತ್ರದಿಂದ ಮತ್ತೊಬ್ಬನ ಸ್ವತ್ತಾಗುವ ಧನವೇ ದಾಯವೆಂದು ವಿಜ್ಞಾನೇಶ್ವರನು ಲಕ್ಷಣ ಹೇಳುತ್ತಾನೆ. ಸಂಬಂಧಮಾತ್ರದಿಂದ ಎಂಬುದನ್ನು ಮರೆಯಬಾರದು. ನಾವು ದುಡಿದದ್ದಕ್ಕಲ್ಲ, ನಮ್ಮ ಯೋಗ್ಯತೆಗಲ್ಲ; ಇಂಥವರ ಹೊಟ್ಟೆಯಲ್ಲಿ ಹುಟ್ಟಿದೆವೆಂಬ ಒಂದೇ ಕಾರಣದಿಂದ ನಮಗೆ ಬಂದದ್ದು. ಆ ಸಂಬಂಧವನ್ನೇ ಕಡಿದು ಆ ಧನವನ್ನು ಮಾತ್ರ ಹಿಡಿದುಕೊಳ್ಳುತ್ತೇವೆಂಬುದು ಎಂಥ ವಿಪರ್ಯಾಸ!

ದಾಯ ಶಬ್ದಕ್ಕೆ, ಕೊಡುವುದು ಎಂಬರ್ಥದ ಧಾತುವಿನಿಂದ ವ್ಯುತ್ಪತ್ತಿಯನ್ನು ಹೇಳುವುದುಂಟು. ಕೊಡಲ್ಪಟ್ಟದ್ದು ದಾಯ. ಕೊಟ್ಟವರು ಯಾರು? ತಂದೆಯೆಂದು ಲೌಕಿಕರ ಉತ್ತರ. ಶ್ರೀಮದಾಚಾರ್ಯರ ಸಿದ್ಧಾಂತವನ್ನು ತಿಳಿದವರಿಗೆ ಈ ಉತ್ತರ ಸಾಲದು. ಸ್ವತಂತ್ರ, ಅಸ್ವತಂತ್ರ ಎಂದು ತತ್ತ್ವ ಎರಡು ಬಗೆ, ಸ್ವತಂತ್ರನು ಶ್ರೀಹರಿಯೊಬ್ಬನೇ. ನಮ್ಮ ತಂದೆಯೂ ಅಸ್ವತಂತ್ರನೇ. ಪಹಣಿಯಲ್ಲಿ ಅವನ ಹೆಸರಿದ್ದಿತು ಅಷ್ಟೆ. ಈಶಾವಾಸ್ಯದ ಮೊದಲನೆಯ ಮಂತ್ರಕ್ಕೆ ಶ್ರೀಮದಾಚಾರ್ಯರು ಹೇಳುವ ಅರ್ಥವನ್ನು ನೆನಪಿಗೆ ತಂದುಕೊಳ್ಳಿ. ಇಡೀ ಜಗತ್ತು ಈಶನ ವಾಸಕ್ಕೆ ಯೋಗ್ಯವಾದದ್ದು, ಅವನ ಅಧೀನವಾದದ್ದು. ಆದ್ದರಿಂದ ಅವನು ಕೊಟ್ಟದ್ದನ್ನು ಅನುಭವಿಸು, ಮತ್ತಾರ ಧನಕ್ಕೂ ಆಶೆಪಡಬೇಡ ಎಂದು. ಬಿಟ್ಟುಬಿಟ್ಟು ಅನುಭವಿಸೆಂದು ಇತರರು ಮಾಡುವ ಅರ್ಥಕ್ಕಿಂತ, ಅವನು ಕೊಟ್ಟದ್ದರಿಂದ ಜೀವಿಸೆಂಬ ಈ ಅರ್ಥ ಗೃಹಸ್ಥನಿಗೆ ಎಷ್ಟೋ ಹತ್ತಿರವಾಗಿದೆ. ಗೃಹಸ್ಥನು ಎಲ್ಲವನ್ನೂ ಬಿಡಲಾರ. ಅವನಿಗೆ ಮನೆ ಬೇಕು, ಮಕ್ಕಳ ವಿದ್ಯೆಗೆ ಹಣ ಬೇಕು. ಕೇಳಬಾರದೆಂದು ಶಾಸ್ತ್ರ ಎಲ್ಲಿಯೂ ಹೇಳಿಲ್ಲ.

ಹಾಗಾದರೆ ಪಾಲಾಗುವುದೇ ತಪ್ಪೇ? ನಮ್ಮ ಹಿರಿಯರಲ್ಲಿ ಅನೇಕರಿಗೆ ಹಾಗೊಂದು ಭಾವನೆಯುಂಟು. ಪಾಲು ಎಂಬ ಮಾತು ಕಿವಿಗೆ ಬಿದ್ದೊಡನೆ ಮನೆತನದ ಮರ್ಯಾದೆ ಹೋಯಿತೆಂದು ಕೊರಗುವವರಿದ್ದಾರೆ. ಶಾಸ್ತ್ರದ ಮಾತು ಹಾಗಿಲ್ಲ. ತಂದೆತಾಯಿಗಳ ತರುವಾಯ ಸೋದರರು ಒಂದೆಡೆ ಸೇರಿ ಸಮನಾಗಿ ಹಂಚಿಕೊಳ್ಳಬೇಕು, ಇಲ್ಲವೇ ಹಿರಿಯನನ್ನು ತಂದೆಯೆಂದು ಭಾವಿಸಿ ಒಟ್ಟಾಗಿ ಬಾಳಬೇಕು ಎಂದು ಎರಡು ಮಾರ್ಗಗಳನ್ನು ಹೇಳಿದ ಮನು, ಬೇರೆಯಾದರೆ ಧರ್ಮ ವೃದ್ಧಿಯಾಗುತ್ತದೆಂದೂ ಹೇಳುತ್ತಾನೆ. ಹೇಗೆಂದರೆ, ಒಟ್ಟಾಗಿರುವ ಮನೆಯಲ್ಲಿ ದೇವಪೂಜೆ ಒಂದು, ವೈಶ್ವದೇವ ಒಂದು, ಅತಿಥಿಸತ್ಕಾರ ಒಂದು. ಬೇರೆಯಾದ ಮೂರು ಮನೆಗಳಲ್ಲಿ ಅವು ಮೂರು ಮೂರು. ಪಂಚಭೇದವನ್ನು ಒಪ್ಪಿದ ನಮಗಂತೂ ಭೇದವೆಂಬ ಶಬ್ದವನ್ನು ಕೇಳಿ ಬೆಚ್ಚಬೇಕಾದದ್ದೇನಿಲ್ಲ. ಭೇದವೆಂದರೆ ದ್ವೇಷವೆಂದು ಅರ್ಥವೇ?

ಆದರೆ ಬೇರೆಯಾದವರ ಮನೆಯಲ್ಲಿ ಆ ದೇವಪೂಜೆ ನಡೆಯುತ್ತದೆಯೇ ಎಂಬ ಪ್ರಶ್ನೆ ಬೇರೆ. ಅದನ್ನು ಅವರವರೇ ಕೇಳಿಕೊಳ್ಳಬೇಕು.

ಮಹಾಭಾರತದ ಆದಿಪರ್ವದಲ್ಲಿ ಒಂದು ಕಥೆ ಬರುತ್ತದೆ. ವಿಭಾವಸುವೆಂಬ ಮಹರ್ಷಿ, ಬಹಳ ಕೋಪಿಷ್ಠ. ಅವನ ತಮ್ಮ ಸುಪ್ರತೀಕ. ತಮ್ಮನಿಗೆ ಅಣ್ಣನೊಡನೆ ಕೂಡುಧನವನ್ನಿಟ್ಟುಕೊಳ್ಳುವುದು ಇಷ್ಟವಿಲ್ಲ. ಪಾಲು, ಪಾಲು ಎಂದು ದಿನವೂ ಅದೇ ಮಾತು. ಅಣ್ಣನು ಬುದ್ಧಿ ಹೇಳುತ್ತಾನೆ. ಮೋಹದಿಂದ ಬಹಳ ಜನ ವಿಭಾಗವನ್ನು ಬಯಸುತ್ತಾರೆ. ವಿಭಕ್ತರಾದ ಮೇಲೆ ಧನಮೋಹದಿಂದ ಒಬ್ಬರನ್ನೊಬ್ಬರು ಕಾಣದಂತಾಗುತ್ತಾರೆ. ಆಗ ಮಿತ್ರರ ವೇಷದ ಶತ್ರುಗಳು ನಡುವೆ ಬಂದು ಇಬ್ಬರನ್ನೂ ಒಡೆಯುತ್ತಾರೆ, ಎಂದು. ಮಾತು ಎಷ್ಟು ಸತ್ಯ ನೋಡಿ. ಪಾಲಿನ ಜಗಳದಲ್ಲಿ ಅಣ್ಣತಮ್ಮಂದಿರಿಗಿಂತ ಹೆಚ್ಚು ಮಾತನಾಡುವವರು ಯಾರೆಂಬುದನ್ನು ನಾವು ಬಲ್ಲೆವು. ಆದರೆ ಹೀಗೆ ಹೇಳಿದ ವಿಭಾವಸುವು ಅಲ್ಲಿಗೆ ನಿಲ್ಲಲಿಲ್ಲ. ನೀನು ಹೇಳಿದ ಮಾತು ಕೇಳದವನು, ಆನೆಯಾಗಿ ಹುಟ್ಟು ಎಂದು ತಮ್ಮನನ್ನು ಶಪಿಸಿದ. ತಮ್ಮನು ಬಿಟ್ಟಾನೆಯೇ? ನೀನು ನೀರೊಳಗೆ ಸುತ್ತುವ ಆಮೆಯಾಗು ಎಂದು ಮರುಶಾಪವನ್ನು ಕೊಟ್ಟ.

ಇಬ್ಬರೂ ಹಾಗೆಯೇ ಆದರು. ಆನೆಯ ಎತ್ತರ ಆರು ಯೋಜನ, ಉದ್ದ ಅದರ ಎರಡರಷ್ಟು. ಆಮೆಯ ಎತ್ತರ ಮೂರು ಯೋಜನ, ಸುತ್ತಳತೆ ಹತ್ತು. ಮುಖ್ಯವಾದದ್ದು ಮುಂದಿದೆ. ಒಬ್ಬನು ನೆಲದ ಪ್ರಾಣಿ, ಇನ್ನೊಬ್ಬನು ನೀರಿನ ಪ್ರಾಣಿ. ಈಗ ಪಾಲು ಪೂರ್ಣವಾಯಿತು. ಒಬ್ಬನ ಆಸ್ತಿಯನ್ನು ಇನ್ನೊಬ್ಬನು ಬಯಸಿದರೂ ಅನುಭವಿಸಲಾರ. ಸುಮ್ಮನಿರಬಹುದಾಗಿತ್ತು. ಇರಲಿಲ್ಲ. ಆನೆಯು ನೀರು ಕುಡಿಯುವುದಕ್ಕೆ ಕೊಳಕ್ಕೆ ಬಂದೊಡನೆ ಆಮೆಯು ಮೇಲಕ್ಕೇಳುವುದು, ಇಬ್ಬರೂ ಕಾದಾಡುವುದು. ಯಾತಕ್ಕೆ ಜಗಳ ಹತ್ತಿತೋ ಆ ಧನ ಎಲ್ಲಿ ಹೋಯಿತೆಂದು ಕಥೆ ಹೇಳುವುದೇ ಇಲ್ಲ. ಮೂವತ್ತು ವರ್ಷ ನಡೆದ ದಾವೆಗಳಲ್ಲಿಯೂ ಹೀಗೆಯೇ. ಮೂಲದ ಜಮೀನು ಮಾರಿಹೋಗಿರುತ್ತದೆ, ಮೊದಲಿನ ವಾದಿ ತೀರಿಕೊಂಡಿರುತ್ತಾನೆ, ಅವನ ಮಕ್ಕಳು ವಾರಸುದಾರರಾಗಿ ದಾವೆಯೊಳಗೆ ಸೇರಿರುತ್ತಾರೆ. ಜಗಳ ಮಾತ್ರ ಕೊಳದ ದಂಡೆಯಲ್ಲಿ ನಡೆದೇ ಇರುತ್ತದೆ.

ಆ ದಾರಿಯಲ್ಲಿ ಗರುಡನು ಬಂದ. ಅವನು ಹೊರಟದ್ದು ತಾಯಿಯಾದ ವಿನತೆಯನ್ನು ದಾಸ್ಯದಿಂದ ಬಿಡಿಸಲು, ಅಮೃತವನ್ನು ತರಲು. ಹಸಿವೆಗೆ ಆಹಾರವೇನೆಂದು ಕೇಳಿದಾಗ ತಂದೆಯಾದ ಕಶ್ಯಪರು ಈ ಆನೆ ಆಮೆಗಳನ್ನು ತೋರಿಸಿದರು. ಒಂದು ಪಂಜದಲ್ಲಿ ಆನೆ, ಇನ್ನೊಂದರಲ್ಲಿ ಆಮೆ. ಗಿರಿಶಿಖರಕ್ಕೊಯ್ದು ಎರಡನ್ನೂ ಭಕ್ಷಿಸಿದ. ಗರುಡನ ಕಥೆಯಲ್ಲಿ ಇದೊಂದು ಸಣ್ಣ ಪ್ರಸಂಗವೆಂದು ನಾವು ದಾಟಿಬಿಡುತ್ತೇವೆ. ಸ್ವಲ್ಪ ನಿಂತು ನೋಡಿದರೆ ವ್ಯಾಸರ ಕೌಶಲ ತಿಳಿಯುತ್ತದೆ. ತಾಯಿಗಾಗಿ ಹೊರಟವನಿಗೆ, ಆಸ್ತಿಗಾಗಿ ಹೊಡೆದಾಡಿದವರು ಬುತ್ತಿಯಾದರು. ಅಷ್ಟೇ ಅಲ್ಲ, ಅಮೃತಕಲಶವು ಕೈಯಲ್ಲಿದ್ದರೂ ಗರುಡನು ಒಂದು ಹನಿಯನ್ನೂ ತಾನು ಕುಡಿಯಲಿಲ್ಲ. ಆ ಅಲೋಭವನ್ನು ಕಂಡೇ ಶ್ರೀಮನ್ನಾರಾಯಣನು ಮಾರ್ಗಮಧ್ಯದಲ್ಲಿ ಪ್ರಸನ್ನನಾಗಿ ವರವನ್ನಿತ್ತನು. ಮನೆಯ ಕಪಾಟಿನ ಬೀಗದ ಕೈ ಯಾವ ಮಗನ ಬಳಿ ಇರುತ್ತದೆಯೋ ಅವನು ಈ ಪ್ರಸಂಗವನ್ನು ಮತ್ತೆ ಮತ್ತೆ ಓದಬೇಕು.

ವಿಭಾವಸುವಿನ ವಿಷಯದಲ್ಲಿ ನನಗೊಂದು ಸಂಶಯವಿದೆ. ಅವನ ಉಪದೇಶ ಸರಿಯಾದದ್ದೇ. ಆದರೆ ಒಗ್ಗಟ್ಟಾಗಿರೋಣವೆಂದು ಹೇಳುವ ಹಿರಿಯನು, ಲೆಕ್ಕವನ್ನು ತೋರಿಸದೆ, ಕೇಳಿದವನನ್ನು ಮನೆಮುರುಕನೆಂದು ಕರೆಯುವುದಾದರೆ, ಆ ಒಗ್ಗಟ್ಟಿನ ಮಾತೂ ಒಂದು ಬಗೆಯ ಹಿಡಿತವೇ ಅಲ್ಲವೇ? ಶಾಪ ಮೊದಲು ಬಂದದ್ದು ಅಣ್ಣನ ಬಾಯಿಂದ.

ಇನ್ನು ಲೆಕ್ಕದ ವಿಷಯ. ಯಾಜ್ಞವಲ್ಕ್ಯರು ಆಸ್ತಿಯನ್ನು ಹೇಗೋ ಹಾಗೆಯೇ ಸಾಲವನ್ನೂ ಸಮನಾಗಿ ಹಂಚಿಕೊಳ್ಳಬೇಕೆಂದು ವಿಧಿಸುತ್ತಾರೆ. ತಂದೆಯ ಮನೆ ಬೇಕು, ಮನೆಯ ಮೇಲಿನ ಸಾಲ ಬೇಡ ಎನ್ನುವಂತಿಲ್ಲ. ತಂದೆಯ ತರುವಾಯ ಮಕ್ಕಳು ಪಾಲಾಗುವಾಗ ತಾಯಿಗೂ ಒಂದು ಸಮಪಾಲು ಸಲ್ಲಬೇಕೆಂದು ಅವರ ಮತ. ಇದನ್ನು ಮರೆತು, ತಾಯಿಯನ್ನು ಆರು ತಿಂಗಳು ಇಲ್ಲಿ, ಆರು ತಿಂಗಳು ಅಲ್ಲಿ ಎಂದು ಹಂಚುವ ಮನೆಗಳಿವೆ. ಪಾಲಾದ ಮೇಲೆ, ಯಾರಾದರೂ ಬಚ್ಚಿಟ್ಟಿದ್ದ ವಸ್ತು ಬಯಲಾದರೆ ಅದನ್ನು ಪುನಃ ಸಮನಾಗಿ ಹಂಚಬೇಕೆಂದೂ ಅವರು ಹೇಳಿದ್ದಾರೆ. ಸಾವಿರಾರು ವರ್ಷಗಳ ಹಿಂದೆಯೂ ಅಮ್ಮನ ಪದಕದ ಸರ ಕಾಣೆಯಾಗುತ್ತಿತ್ತೆಂದು ಇದರಿಂದ ತಿಳಿಯುತ್ತದೆ!

ಹೆಣ್ಣುಮಕ್ಕಳ ಪಾಲಿನ ವಿಷಯಕ್ಕೆ ಬರೋಣ. ಇಲ್ಲಿಯೇ ಅನೇಕರು ಶಾಸ್ತ್ರವನ್ನು ಮುಂದಿಟ್ಟುಕೊಂಡು ಆಕ್ಷೇಪಿಸುತ್ತಾರೆ. ಸ್ಮೃತಿಯಲ್ಲಿ ಅವಿವಾಹಿತೆಯಾದ ಸೋದರಿಗೆ ಸೋದರರು ತಮ್ಮ ತಮ್ಮ ಪಾಲಿನ ನಾಲ್ಕನೆಯ ಒಂದು ಭಾಗವನ್ನು ಕೊಡಬೇಕೆಂದಿದೆ, ಸಮಪಾಲೆಂದು ಎಲ್ಲಿದೆ ಎಂದು ಕೇಳುತ್ತಾರೆ. ಸರಿ, ಆ ನಾಲ್ಕನೆಯ ಒಂದು ಭಾಗವನ್ನಾದರೂ ಲೆಕ್ಕ ಹಾಕಿ ಕೊಟ್ಟವರೆಷ್ಟು ಮಂದಿ? ಕೊಡದಿದ್ದವರು ಪತಿತರಾಗುತ್ತಾರೆಂದು ಅದೇ ಮನು ಹೇಳಿದ್ದನ್ನು ಏಕೆ ಮರೆಯುತ್ತೀರಿ? ಮಗಳು ಮಗನಿಗೆ ಸಮಾನಳು ಎಂದು ಪುತ್ರಹೀನನ ಪ್ರಕರಣದಲ್ಲಿ ಹೇಳಿದವನೂ ಅವನೇ. ತಾಯಿಯ ಧನದಲ್ಲಿ ಸೋದರ ಸೋದರಿಯರಿಗೆ ಸಮಪಾಲೆಂದವನೂ ಅವನೇ.

ಈಗಿನ ರಾಜಶಾಸನ ಹೀಗಿದೆ. 1956ರ ಹಿಂದೂ ಉತ್ತರಾಧಿಕಾರ ಕಾಯಿದೆಯಂತೆ, ತಂದೆಯು ಸ್ವಂತವಾಗಿ ಸಂಪಾದಿಸಿದ ಆಸ್ತಿಗೆ ಮರಣಶಾಸನವಿಲ್ಲದಿದ್ದರೆ, ಅವನ ಹೆಂಡತಿ, ಗಂಡುಮಕ್ಕಳು, ಹೆಣ್ಣುಮಕ್ಕಳು, ಅವನ ತಾಯಿ ಬದುಕಿದ್ದರೆ ಆಕೆ, ಇವರೆಲ್ಲರಿಗೂ ಸಮಪಾಲು. ಮಕ್ಕಳಲ್ಲಿ ಯಾರಾದರೂ ಮೊದಲೇ ಗತಿಸಿದ್ದರೆ ಅವರ ಪಾಲು ಅವರ ಕುಟುಂಬಕ್ಕೆ. ಒಬ್ಬನು ಹೆಂಡತಿ, ಇಬ್ಬರು ಗಂಡುಮಕ್ಕಳು, ಇಬ್ಬರು ಹೆಣ್ಣುಮಕ್ಕಳನ್ನು ಬಿಟ್ಟು ಹೋದನೆಂದರೆ ಐದು ಪಾಲು. ಮುಂದೆ ಆ ತಾಯಿಯೂ ಏನನ್ನೂ ಬರೆದಿಡದೆ ತೀರಿಕೊಂಡರೆ ಆಕೆಯ ಪಾಲು ನಾಲ್ವರು ಮಕ್ಕಳಿಗೂ ಸಮನಾಗಿ ಸೇರಿ, ಕೊನೆಗೆ ಒಬ್ಬೊಬ್ಬರದು ನಾಲ್ಕನೆಯ ಒಂದು ಭಾಗ. ಪಿತ್ರಾರ್ಜಿತವಾದ ಕೂಡುಕುಟುಂಬದ ಆಸ್ತಿಯಲ್ಲಿ ಹುಟ್ಟಿನ ಹಕ್ಕು ಬಹುಕಾಲ ಗಂಡುಮಕ್ಕಳಿಗೆ ಮಾತ್ರವಿತ್ತು. ಕರ್ನಾಟಕವು 1994ರಲ್ಲಿ, ಅದಕ್ಕೆ ಮೊದಲು ಮದುವೆಯಾದವರನ್ನು ಬಿಟ್ಟು, ಹೆಣ್ಣುಮಕ್ಕಳಿಗೂ ಅದನ್ನು ಕೊಟ್ಟಿತು. 2005ರ ಸೆಪ್ಟೆಂಬರ್ 9ರಿಂದ ದೇಶಕ್ಕೆಲ್ಲ ಅದು ಅನ್ವಯವಾಯಿತು. ಮದುವೆಯಾದವರು, ಆಗದವರು ಎಂಬ ಭೇದವೂ ಹೋಯಿತು. ಆ ದಿವಸ ತಂದೆ ಬದುಕಿರಬೇಕಾಗಿತ್ತೇ ಎಂಬ ವಾದವೊಂದು ಉಳಿದಿತ್ತು. ಬೇಕಾಗಿಲ್ಲವೆಂದು ಸುಪ್ರೀಂ ಕೋರ್ಟು 2020ರ ಆಗಸ್ಟ್ 11ರಂದು ನಿರ್ಣಯಿಸಿತು. 2004ರ ಡಿಸೆಂಬರ್ 20ಕ್ಕೆ ಮೊದಲೇ ನೋಂದಣಿಯಾದ ಪಾಲುಪತ್ರದಿಂದಲೋ ನ್ಯಾಯಾಲಯದ ತೀರ್ಪಿನಿಂದಲೋ ಮುಗಿದಿದ್ದ ವಿಭಾಗಗಳನ್ನು ಮಾತ್ರ ಮತ್ತೆ ಕೆದಕುವಂತಿಲ್ಲ.

ಇದು ಶಾಸ್ತ್ರವಿರುದ್ಧವೇ? ಶಾಸ್ತ್ರವು ನಾಲ್ಕನೆಯ ಒಂದು ಭಾಗವೆಂದಲ್ಲಿ ಪೂರ್ತಿ ಪಾಲನ್ನೇ ಕೊಟ್ಟವನಿಗೆ ಪಾಪ ಬಂದಿತೆಂದು ಯಾವ ಸ್ಮೃತಿಯಲ್ಲಿಯೂ ನಾನು ಓದಿಲ್ಲ. ಕಡಿಮೆ ಕೊಟ್ಟವನ ಮಾತು ಬೇರೆ. ತವರಿನ ಅರಿಸಿನ ಕುಂಕುಮ ಬೇಕೋ, ಪಾಲು ಬೇಕೋ ಎಂದು ಕೇಳುವ ಅಣ್ಣಂದಿರಿದ್ದಾರೆ. ಅರಿಸಿನ ಕುಂಕುಮವು ಆಸ್ತಿಯ ಬೆಲೆಗೆ ಮಾರುವ ವಸ್ತುವೇ? ಸೋದರಿಯು ಸಂತೋಷದಿಂದ, ತಿಳಿದು, ತನ್ನ ಪಾಲನ್ನು ಬಿಟ್ಟುಕೊಟ್ಟರೆ ಅದು ಆಕೆಯ ಔದಾರ್ಯ, ಅದನ್ನು ಸ್ವೀಕರಿಸಬಹುದು. ಹೆದರಿ ಬಿಟ್ಟುಕೊಟ್ಟದ್ದು ದಾನವಲ್ಲ. ಅಂಥದನ್ನು ಶ್ರೀಹರಿಯು ಕೊಟ್ಟದ್ದೆಂದು ಹೇಳಿಕೊಂಡು ನೈವೇದ್ಯ ಮಾಡಲು ಧೈರ್ಯ ಬೇಕು.

ಈಗ ಎಲ್ಲಕ್ಕಿಂತ ಕಠಿಣವಾದ ಪ್ರಶ್ನೆ. ನಾಲ್ವರು ಮಕ್ಕಳಲ್ಲಿ ಒಬ್ಬನು ಹೆತ್ತವರನ್ನು ಕೊನೆಯವರೆಗೆ ನೋಡಿಕೊಂಡ. ಉಳಿದವರು ಬೆಂಗಳೂರಿನಲ್ಲಿ, ಪುಣೆಯಲ್ಲಿ, ಅಮೆರಿಕೆಯಲ್ಲಿ. ಕಾಯಿದೆಯು ನಾಲ್ವರಿಗೂ ಸಮನೆನ್ನುತ್ತದೆ. ರಾತ್ರಿ ಎರಡು ಗಂಟೆಗೆ ಎದ್ದು ತಂದೆಯ ಹಾಸಿಗೆಯನ್ನು ಬದಲಿಸಿದವನಿಗೆ ಹೆಚ್ಚೇನೂ ಇಲ್ಲವೇ? ಇದಕ್ಕೆ ಶ್ರೀಮದ್ಭಾಗವತದ ನವಮಸ್ಕಂಧದಲ್ಲಿರುವ ನಾಭಾಗನ ಕಥೆಯನ್ನು ನೆನೆಯಬೇಕು.

ವೈವಸ್ವತ ಮನುವಿನ ಮಗ ನಭಗ. ಅವನ ಕಿರಿಯ ಮಗ ನಾಭಾಗ. ಬ್ರಹ್ಮಚಾರಿಯಾಗಿ ಗುರುಕುಲದಲ್ಲಿ ಬಹುಕಾಲ ನಿಂತುಬಿಟ್ಟ. ಇವನು ಇನ್ನು ಬರಲಾರನೆಂದು ಅಣ್ಣಂದಿರು ಆಸ್ತಿಯನ್ನೆಲ್ಲ ಹಂಚಿಕೊಂಡರು. ಅವನು ಬಂದು, ಅಣ್ಣಂದಿರೇ, ನನಗೇನು ಇಟ್ಟಿದ್ದೀರಿ ಎಂದು ಕೇಳಿದ. ನಿನ್ನ ಪಾಲಿಗೆ ಅಪ್ಪನನ್ನು ಇಟ್ಟಿದ್ದೇವೆ ಎಂದರು. ಪರಿಹಾಸ್ಯವೋ ತಾತ್ಸಾರವೋ, ಏನೇ ಇರಲಿ. ನಾಭಾಗನು ಜಗಳವಾಡಲಿಲ್ಲ. ತಂದೆಯ ಬಳಿಗೆ ಹೋಗಿ, ಅಪ್ಪಾ, ನನ್ನ ಪಾಲಿಗೆ ನೀವು ಬಂದಿದ್ದೀರಂತೆ ಎಂದ. ಮಗೂ, ಅವರ ಮಾತನ್ನು ನಂಬಬೇಡ, ಆದರೂ ನಿನಗೊಂದು ಜೀವನೋಪಾಯವನ್ನು ಹೇಳುತ್ತೇನೆ ಎಂದು ಆ ಮುದುಕ ತಂದೆ ಹೇಳಿದ. ಹತ್ತಿರದಲ್ಲೇ ಆಂಗಿರಸರು ಸತ್ರಯಾಗ ಮಾಡುತ್ತಿದ್ದಾರೆ. ಆರನೆಯ ದಿವಸದ ಕರ್ಮದಲ್ಲಿ ಅವರಿಗೆ ದಿಕ್ಕು ತಪ್ಪುತ್ತದೆ. ವೈಶ್ವದೇವ ಸೂಕ್ತಗಳೆರಡನ್ನು ನೀನು ಅವರಿಗೆ ಹೇಳಿಕೊಡು. ಸ್ವರ್ಗಕ್ಕೆ ಹೋಗುವಾಗ ಯಾಗಶೇಷವಾದ ಧನವನ್ನು ನಿನಗೆ ಕೊಟ್ಟು ಹೋಗುತ್ತಾರೆ, ಎಂದು. ಹಾಗೆಯೇ ಆಯಿತು.

ನಾಭಾಗನು ಆ ಧನವನ್ನು ತೆಗೆದುಕೊಳ್ಳುತ್ತಿರುವಾಗ ಉತ್ತರ ದಿಕ್ಕಿನಿಂದ ಕಪ್ಪುಬಣ್ಣದ ಪುರುಷನೊಬ್ಬನು ಬಂದು, ಇದು ನನ್ನದು ಎಂದ. ಋಷಿಗಳು ನನಗೆ ಕೊಟ್ಟರೆಂದು ಇವನು. ನಿನ್ನ ತಂದೆಯನ್ನೇ ಕೇಳು ಎಂದು ಅವನು. ನಾಭಾಗನು ಹೋಗಿ ಕೇಳಿದ. ಇಲ್ಲಿ ತಂದೆಯ ಸ್ಥಾನದಲ್ಲಿ ನಮ್ಮನ್ನಿಟ್ಟು ನೋಡಿಕೊಳ್ಳಬೇಕು. ಮಗನು ಏನೂ ಇಲ್ಲದವನು. ಕೈಗೆ ಬಂದ ಧನ. ಒಂದು ಸುಳ್ಳು ಸಾಕು. ನಭಗನು, ಯಾಗಭೂಮಿಯಲ್ಲಿ ಉಳಿದದ್ದೆಲ್ಲ ರುದ್ರದೇವರ ಭಾಗ, ಅದು ಅವರದೇ ಎಂದುಬಿಟ್ಟ. ನಾಭಾಗನು ಮರಳಿ ಬಂದು ನಮಸ್ಕರಿಸಿ, ಸ್ವಾಮಿ, ಇದು ತಮ್ಮದೆಂದು ನನ್ನ ತಂದೆ ಹೇಳಿದರು, ಕ್ಷಮಿಸಬೇಕು ಎಂದ. ರುದ್ರದೇವರು ಸುಪ್ರೀತರಾದರು. ನಿನ್ನ ತಂದೆಯೂ ಧರ್ಮವನ್ನು ನುಡಿದ, ನೀನೂ ಸತ್ಯವನ್ನು ಹೇಳಿದೆ ಎಂದು ಆ ಧನವನ್ನೂ ಕೊಟ್ಟರು, ಸನಾತನವಾದ ಬ್ರಹ್ಮಜ್ಞಾನವನ್ನೂ ಉಪದೇಶಿಸಿದರು. ಆ ನಾಭಾಗನ ಮಗನೇ ಅಂಬರೀಷ ಮಹಾರಾಜ. ದ್ವಾದಶಿಯ ಪಾರಣೆಗೆ ಕುಳಿತಾಗಲೆಲ್ಲ ನಾವು ನೆನೆಯುವ ಆ ಪರಮಭಾಗವತನು ಹುಟ್ಟಿದ್ದು, ಅಪ್ಪನನ್ನು ಪಾಲಾಗಿ ಪಡೆದವನ ಮನೆಯಲ್ಲಿ. ಗದ್ದೆ ಬೆದ್ದಲುಗಳನ್ನು ಹಂಚಿಕೊಂಡ ಆ ಅಣ್ಣಂದಿರ ಹೆಸರನ್ನು ಭಾಗವತವು ಅಲ್ಲಿ ಹೇಳುವ ಗೋಜಿಗೇ ಹೋಗಿಲ್ಲ.

ಹಾಗೆಂದು, ನೋಡಿಕೊಂಡವನಿಗೆ ಪುಣ್ಯ ಬಂದಿತಲ್ಲ, ಆಸ್ತಿ ನಮಗಿರಲಿ ಎಂದು ಉಳಿದವರು ಹೇಳಕೂಡದು. ನಾಭಾಗನ ಅಣ್ಣಂದಿರ ಮಾತೇ ಅದು. ದೂರದಲ್ಲಿದ್ದವರು ತಾವಾಗಿಯೇ, ನೋಡಿಕೊಂಡವನಿಗೆ ಮನೆಯ ಭಾಗವನ್ನೋ ಒಂದು ಹೆಚ್ಚಿನ ಅಂಶವನ್ನೋ ಬಿಡಬೇಕು. ಅವನು ಕೇಳುವವರೆಗೆ ಕಾಯಬಾರದು. ಅವನಾದರೂ ಸೇವೆಗೆ ಬಿಲ್ಲು ಬರೆಯಬಾರದು. ಬ್ಯಾಂಕಿನ ಠೇವಣಿಗೆ ತನ್ನ ಹೆಸರು ನಾಮಿನಿಯಾಗಿದೆಯೆಂದು ಅದೆಲ್ಲ ತನ್ನದೆಂದೂ ತಿಳಿಯಬಾರದು. ಆ ಠೇವಣಿಯ ನಾಮಿನಿಯೆಂದರೆ ವಾರಸುದಾರರ ಪರವಾಗಿ ಹಣವನ್ನು ಕೈಗೆ ತೆಗೆದುಕೊಳ್ಳುವವನು, ಅಷ್ಟೆ. ಹೆತ್ತವರೂ ಒಂದು ಮಾತು ಕೇಳಬೇಕು. ಮರಣಶಾಸನ ಬರೆಯುವುದು ಅಪಶಕುನವೆಂಬ ಭಾವನೆಯಿಂದ ಸುಮ್ಮನಿದ್ದು ಮಕ್ಕಳನ್ನು ಈ ಸಂಕಟಕ್ಕೆ ಗುರಿಮಾಡುವವರೇ ಹೆಚ್ಚು. ಇಬ್ಬರು ಸಾಕ್ಷಿಗಳ ಎದುರಿಗೆ ಸಹಿ ಮಾಡಿದ ಒಂದು ಹಾಳೆ ಸಾಕು. ಅದಕ್ಕೆ ಛಾಪಾಕಾಗದವೂ ಬೇಡ. ನೋಂದಣಿ ಕಡ್ಡಾಯವಲ್ಲ, ಮಾಡಿಸಿದರೆ ಒಳ್ಳೆಯದು.

ಶ್ರೀಮದಾಚಾರ್ಯರ ಪೂರ್ವಾಶ್ರಮದ ಕಥೆಯೂ ಇಲ್ಲಿ ಪ್ರಸ್ತುತ. ಹೆತ್ತವರಿಗೆ ಆಸರೆಯಾಗಿ ತಮ್ಮನೊಬ್ಬನು ಹುಟ್ಟುವವರೆಗೆ ಅವರು ಸಂನ್ಯಾಸವನ್ನು ಸ್ವೀಕರಿಸಲಿಲ್ಲ. ಪಾಜಕದ ಮನೆಯಲ್ಲಿ ಉಳಿದ ಆ ತಮ್ಮನು, ಮುಂದೆ ತಾನೂ ಎಲ್ಲವನ್ನೂ ತೊರೆದು ಅಣ್ಣನಿಂದಲೇ ಸಂನ್ಯಾಸವನ್ನು ಪಡೆದು ಶ್ರೀವಿಷ್ಣುತೀರ್ಥರಾದರು. ಸೋದೆ ಮಠದ ಪರಂಪರೆ ಅವರಿಂದ ಬಂದದ್ದು. ಆ ಮನೆಯಲ್ಲಿ ಪಾಲಿನ ಪ್ರಶ್ನೆಯೇ ಉಳಿಯಲಿಲ್ಲ.

ಇನ್ನು ನಮ್ಮ ಮಾಧ್ವ ಮನೆಗಳಿಗೇ ವಿಶೇಷವಾದ ಒಂದು ತೊಡಕು, ದೇವರ ಪೆಟ್ಟಿಗೆ. ಕೆಲವು ವರ್ಷಗಳ ಹಿಂದೆ ಒಂದು ಮನೆಯವರು ನನ್ನನ್ನು ಕರೆಸಿದ್ದರು. ಮೂವರು ಗಂಡುಮಕ್ಕಳು, ಒಬ್ಬಳು ಮಗಳು. ತಂದೆ ಮೊದಲೇ ಗತಿಸಿದ್ದರು. ತಾಯಿ ಆರು ವರ್ಷ ಹಾಸಿಗೆ ಹಿಡಿದು ಎರಡನೆಯ ಮಗನ ಕೈಯಲ್ಲಿ ಸೇವೆ ಮಾಡಿಸಿಕೊಂಡು ಹೋದರು. ವರ್ಷಾಬ್ದಿಕ ಮುಗಿದ ಮೇಲೆ ಪಾಲಿಗೆ ಕುಳಿತರು. ಜಮೀನನ್ನು ನಾಲ್ಕು ಭಾಗ ಮಾಡಿ ದೇವರ ಮುಂದೆ ಚೀಟಿ ಎತ್ತಿದರು. ಮಗಳ ಹೆಸರಿನಲ್ಲಿಯೂ ಒಂದು ಚೀಟಿ. ಮನೆಯನ್ನು ಎರಡನೆಯವನಿಗೆ ಬಿಟ್ಟರು. ಎಲ್ಲವೂ ಸೌಜನ್ಯದಿಂದ ಮುಗಿದು, ಕೊನೆಗೆ ಸಾಲಿಗ್ರಾಮದ ಸಂಪುಷ್ಟದ ಬಳಿ ನಿಂತುಬಿಟ್ಟಿತು. ಜ್ಯೇಷ್ಠನಿಗೆ ಸೇರತಕ್ಕದ್ದೆಂದು ಹಿರಿಯವನು. ಇಪ್ಪತ್ತು ವರ್ಷ ಒಂದು ದಿವಸವೂ ತಪ್ಪದೆ ಅಭಿಷೇಕ ಮಾಡಿದವನು ನಾನು ಎಂದು ಎರಡನೆಯವನು. ಹೇಳುವಾಗ ಅವನ ಕಣ್ಣಲ್ಲಿ ನೀರು. ಎಕರೆಗಟ್ಟಲೆ ಭೂಮಿಗೆ ಬರದ ಜಗಳ ಅಂಗೈಯಗಲದ ಶಿಲೆಗೆ ಬಂದಿತ್ತು. ಒಂದು ಕಡೆ ಸಂಕಟವಾಯಿತು. ಇನ್ನೊಂದು ಕಡೆ, ಇಂಥ ವಸ್ತುವಿಗಾಗಿ ಜಗಳವಾಡುವ ಮಕ್ಕಳನ್ನು ಹೆತ್ತ ಆ ತಾಯಿಯ ಬಗ್ಗೆ ಗೌರವವೂ ಉಂಟಾಯಿತು.

ನನಗೆ ತೋಚಿದ್ದು ಉಡುಪಿಯ ಪದ್ಧತಿ. ಶ್ರೀಮದಾಚಾರ್ಯರು ಎಂಟು ಮಂದಿ ಯತಿಗಳಿಗೆ ಒಂದೊಂದು ಉಪಾಸ್ಯಮೂರ್ತಿಯನ್ನು ಪ್ರತ್ಯೇಕವಾಗಿ ಕೊಟ್ಟರು. ಆದರೆ ಶ್ರೀಕೃಷ್ಣನನ್ನು ಹಂಚಲಿಲ್ಲ. ಹಂಚಲಾಗದ್ದನ್ನು ಸರದಿಯಂತೆ ಪೂಜಿಸಬೇಕೆಂದು ಏರ್ಪಡಿಸಿದರು. ಎರಡು ತಿಂಗಳಿಗೊಮ್ಮೆ ಬದಲಾಗುತ್ತಿದ್ದ ಆ ಸರದಿಯನ್ನು ಶ್ರೀವಾದಿರಾಜರು ಎರಡು ವರ್ಷಕ್ಕೆ ವಿಸ್ತರಿಸಿದರು. ಇಂದಿಗೂ ಪರ್ಯಾಯ ಹಾಗೆಯೇ ನಡೆದಿದೆ. ಸರದಿ ಮುಗಿದ ಯತಿಗಳು ಅಕ್ಷಯಪಾತ್ರೆಯನ್ನೂ ಸಟ್ಟುಗವನ್ನೂ ಬೀಗದ ಕೈಯನ್ನೂ ಮುಂದಿನವರಿಗೆ ಒಪ್ಪಿಸುತ್ತಾರೆ. ಬೀಗದ ಕೈಯನ್ನು ಒಪ್ಪಿಸುವುದೂ ಅಲ್ಲಿ ಒಂದು ಉತ್ಸವ. ಮನೆಯಲ್ಲಿಯೂ ಹೀಗೇಕೆ ಮಾಡಬಾರದು ಎಂದೆ. ಹಿರಿಯವನು ಸ್ವಲ್ಪ ಹೊತ್ತು ಸುಮ್ಮನಿದ್ದು ಒಪ್ಪಿದ. ತಂದೆಯ ತಿಥಿಯಿಂದ ತಂದೆಯ ತಿಥಿಗೆ ಒಂದು ವರ್ಷದ ಸರದಿ; ವಿದೇಶದಲ್ಲಿರುವ ಕಿರಿಯವನು ತನ್ನ ಸರದಿಯನ್ನು ಎರಡನೆಯ ಅಣ್ಣನಿಗೇ ಒಪ್ಪಿಸಿದ.

ಅಷ್ಟಾದ ಮೇಲೆ ಮಗಳು ಬಾಗಿಲ ಮರೆಯಿಂದ ಒಂದು ಮಾತು ಕೇಳಿದಳು. ಅಮ್ಮನ ಹಾಡಿನ ಪುಸ್ತಕ ಎಲ್ಲಿ ಎಂದು. ಲಕ್ಷ್ಮೀಶೋಭಾನೆಯಿಂದ ಹಿಡಿದು ಆರತಿಯ ಹಾಡುಗಳವರೆಗೆ ಆ ತಾಯಿ ಚಿಕ್ಕಂದಿನಿಂದ ಕೈಯಲ್ಲಿ ಬರೆದುಕೊಂಡು ಬಂದ ಹಳೆಯ ನೋಟು ಪುಸ್ತಕವದು. ಹಿತ್ತಾಳೆಯ ಕೊಡಗಳನ್ನೂ ತೂಕ ಹಾಕಿ ಬರೆದಿದ್ದ ಪಟ್ಟಿಯಲ್ಲಿ ಅದು ಇರಲಿಲ್ಲ. ಯಾರಿಗೂ ನೆನಪಾಗಿರಲಿಲ್ಲ. ಎರಡನೆಯ ಸೊಸೆ ಒಳಗೆ ಹೋಗಿ ಅದನ್ನು ತಂದಳು. ಅತ್ತೆಗೆ ಮಾತು ನಿಂತ ಮೇಲೆ ಆಕೆ ದಿನವೂ ಸಾಯಂಕಾಲ ಹಾಸಿಗೆಯ ಪಕ್ಕದಲ್ಲಿ ಕುಳಿತು ಅದರಿಂದಲೇ ಹಾಡುತ್ತಿದ್ದಳಂತೆ. ಮಗಳು ಪುಟಗಳನ್ನು ಸ್ವಲ್ಪ ಹೊತ್ತು ತಿರುವಿ ನೋಡಿ, ಅತ್ತಿಗೆ, ಇದು ನಿಮ್ಮ ಹತ್ತಿರವೇ ಇರಲಿ, ನನಗೆ ಬರೆದು ಕೊಡಿ ಎಂದು ಹಿಂದಕ್ಕೆ ಕೊಟ್ಟಳು. ಪಾಲುಪತ್ರ ನೋಂದಣಿಯಾಗಿ ಎಷ್ಟೋ ದಿವಸಗಳಾದವು. ಹಾಡುಗಳನ್ನು ನಕಲು ಮಾಡುವುದು ಇನ್ನೂ ಅರ್ಧಕ್ಕೆ ಬಂದಿದೆಯೆಂದು ಹೋದ ವರ್ಷದ ಪಕ್ಷದಲ್ಲಿ ಆ ಸೊಸೆ ಹೇಳಿದಳು.

॥ ಶ್ರೀಕೃಷ್ಣಾರ್ಪಣಮಸ್ತು ॥